ದರ್ಗಾಕ್ಕೆ ಟೈಲ್ಸ್ ಹಾಕಿಸಿದ್ದು

ಕರಂಜಳಗಾ, ಔರಾದ ತಾಲ್ಲೂಕು
11 ಜೂನ್ 2023

ಪ್ರೀತಿಯ ಮಲ್ಲಿ,

ಹಾಸ್ಟೆಲ್ ಬಿಟ್ಟ ಮೇಲೆ ಒಂದು ಕಾಗದವನ್ನೂ ಬರೆಯದವಳು ಈಗ ಬರೆದಿದ್ದಾಳೆಂದು ನಗಬೇಡ. ಫೋನಿನ ಸಹವಾಸ ಸಾಕಾಗಿದೆ. ಹೋದ ತಿಂಗಳು ಶಿಕ್ಷಕರ ವಾಟ್ಸಾಪ್ ಗುಂಪಿನಲ್ಲಿ, ನಮ್ಮ ಶಾಲೆಯ ಮೇಲೇ ಹೆದ್ದಾರಿ ಬರುತ್ತಿದೆ, ಕೇಳುವವರು ಯಾರಾದರೂ ಇದ್ದೀರಾ ಎಂದು ಒಂದೇ ಸಾಲು ಹಾಕಿದ್ದೆ. ಸಂಜೆಯೊಳಗೆ ಅದು ಮೇಲಿನ ಸಾಹೇಬರ ಮೊಬೈಲಿಗೆ ಹೋಗಿತ್ತು. ಸರಕಾರದ ಸಂಬಳ ತಿಂದು ಸರಕಾರದ ಯೋಜನೆಗೆ ಅಡ್ಡ ಮಾತಾಡಿದ್ದೇಕೆ ಎಂದು ನೋಟಿಸು ಬಂತು. ಟಪಾಲಿನ ಕಾಗದವನ್ನು ಯಾರೂ ಫಾರ್ವರ್ಡ್ ಮಾಡುವುದಿಲ್ಲ. ಇನ್ನು ಮುಂದೆ ನಮ್ಮಿಬ್ಬರ ಮಾತು ಹೀಗೇ.

ವಿಷಯ ಇಷ್ಟು. ಭಾಲ್ಕಿಯಿಂದ ಔರಾದಿಗೆ ಬರುವ ರಸ್ತೆ ನಾಲ್ಕು ಪಥ ಆಗುತ್ತಿದೆ. ನಮ್ಮೂರ ಹತ್ತಿರ ಅದು ಡೊಂಕಾಗಿದೆಯಲ್ಲ, ಆ ಡೊಂಕು ತೆಗೆದು ನೆಟ್ಟಗೆ ಮಾಡುತ್ತಾರಂತೆ. ನೆಟ್ಟಗೆ ಮಾಡಿದರೆ ಅದು ಸೀದಾ ಬೇವಿನ ಹಜರತರ ದರ್ಗಾದ ಅಂಗಳಕ್ಕೆ ನುಗ್ಗುತ್ತದೆ. ನೀನು ಒಮ್ಮೆ ಉರುಸಿಗೆ ಬಂದು ಮಲೀದಾ ತಿಂದು ಹೊಟ್ಟೆ ಕೆಡಿಸಿಕೊಂಡ ಅದೇ ಅಂಗಳ. ಅಬ್ಬಾ ಇನ್ನೂ ಅಲ್ಲಿಯ ಮುಜಾವರ್. ಬೆಳಗಿನ ಕಸ ಗುಡಿಸುವುದರಿಂದ ಹಿಡಿದು ಸಂಜೆಯ ಲೋಬಾನದ ಧೂಪದವರೆಗೆ ಅವರದೇ ಸೇವೆ.

ಆ ಅಂಗಳದಲ್ಲೇ ನನ್ನ ಶಾಲೆ. ಸರಕಾರಿ ಕನ್ನಡ ಹೆಣ್ಣುಮಕ್ಕಳ ಶಾಲೆ ಎಂದು ಬೋರ್ಡು ದೊಡ್ಡದಿದೆ, ಕೋಣೆ ಎರಡೇ. ಉಳಿದ ತರಗತಿಗಳು ದರ್ಗಾದ ಪಡಸಾಲೆಯಲ್ಲಿ. ಈ ಊರಲ್ಲಿ ಹುಡುಗಿಯರು ಓದುತ್ತಿರುವುದೇ ಆ ಪಡಸಾಲೆಯಿಂದ. ನಮ್ಮವರು ಹುಡುಗಿಯರನ್ನು ಬಸ್ ನಿಲ್ದಾಣದ ಕಡೆ ಕಳಿಸುವುದಿಲ್ಲ. ಕುರಿ ಮಂದೆಯ ಹಿಂದೆ ತಿಂಗಳುಗಟ್ಟಲೆ ಹೋಗುವವರಂತೂ ಬೇರೆ ಎಲ್ಲೂ ಬಿಡುವುದಿಲ್ಲ. ಶಾಲಾ ಸಮಿತಿಯ ಅಧ್ಯಕ್ಷ ಹಣಮಂತಪ್ಪ ತನ್ನ ಮೊಮ್ಮಗಳನ್ನು ಸೇರಿಸಿದ ದಿನ ಹೇಳಿದ್ದು ನನಗಿನ್ನೂ ನೆನಪಿದೆ, ಹಜರತರೇ ಅವನಿಗೆ ಸಾಹೇಬರು: "ಸಾಹೇಬರ ಅಂಗಳದಾಗ ಬಿಟ್ಟೇನ್ರಿ ಮೇಡಮ್. ನಮಗ ಅಡವ್ಯಾಗ ನಿದ್ದಿ ಬರ್ತದ."

ಕಲ್ಲು ನೆಟ್ಟು ಹೋಗಿದ್ದಾರೆ, ಮಲ್ಲಿ. ಒಂದು ಕಲ್ಲು ಎರಡನೇ ತರಗತಿ ಕೂರುವ ಜಾಗದಲ್ಲೇ ಇದೆ. ನೀನು ಕೇಸು ಹಿಡಿಯಬೇಕು. ಬೇರೆ ವಕೀಲರು ನನಗೆ ಗೊತ್ತಿಲ್ಲ, ಗೊತ್ತಿದ್ದರೂ ನಂಬಿಕೆಯಿಲ್ಲ.

ನಿನ್ನ
ಮುಸರ್ರತ


ಮೈಲೂರ, ಬೀದರ
20 ಜೂನ್ 2023

ಪ್ರೀತಿಯ ಮುಸರ್ರತ,

ಬೇರೆ ವಕೀಲರು ಗೊತ್ತಿಲ್ಲವೆಂಬ ಕಾರಣಕ್ಕೆ ನನ್ನನ್ನು ಹಿಡಿದೆಯಾ? ಬಹಳ ದೊಡ್ಡ ಗೌರವ. ಹದಿನೆಂಟು ವರ್ಷದಿಂದ ನಾನು ಮಾಡಿದ್ದು ಅಣ್ಣತಮ್ಮಂದಿರ ಹೊಲದ ಜಗಳ, ಗಂಡಹೆಂಡಿರ ಜಗಳ. ಹೆದ್ದಾರಿಯ ಜೊತೆ ಜಗಳ ಇದೇ ಮೊದಲು. ಆದರೂ ಹಿಡಿಯುತ್ತೇನೆ. ಕಲಬುರಗಿಯ ಹೈಕೋರ್ಟ್ ಪೀಠದಲ್ಲಿ ರಿಟ್ ಹಾಕೋಣ.

ಮೊದಲೇ ಒಂದು ಮಾತು. ನೀನು ಎಲ್ಲಿಯೂ ಸಹಿ ಹಾಕಬೇಡ. ಅರ್ಜಿದಾರರು ನಿನ್ನ ತಂದೆ ಚಾಂದ ಚಾಚಾ, ಜೊತೆಗೆ ಹಣಮಂತಪ್ಪ. ನೀನು ಸರಕಾರಿ ನೌಕರಳು, ಸುಮ್ಮನೆ ಪಾಠ ಮಾಡಿಕೊಂಡಿರು.

ಹೆದ್ದಾರಿಯವರ ಸರ್ವೆ ವರದಿ ತರಿಸಿ ಓದಿದೆ. ನಿಮ್ಮ ಅಂಗಳದ ಜಾಗದಲ್ಲಿ ಏನು ಬರೆದಿದ್ದಾರೆ ಗೊತ್ತೇ? "ಖಾಲಿ ಜಮೀನು, ಒಂದು ತಗಡಿನ ಶೆಡ್ಡು." ದರ್ಗಾ ಇಲ್ಲ, ಶಾಲೆ ಇಲ್ಲ. ಯಾರೋ ಕಾರಿನಿಂದ ಇಳಿಯದೇ ಬರೆದಂತಿದೆ. ನಮ್ಮ ಕೇಸೆಲ್ಲ ಇದರ ಮೇಲೇ ನಿಂತಿದೆ. ಹಳೆಯ ದರ್ಗಾವನ್ನೂ ನಡೆಯುತ್ತಿರುವ ಶಾಲೆಯನ್ನೂ ನೋಡದೆ ಎಳೆದ ಗೆರೆ ಅದು, ಇನ್ನೊಮ್ಮೆ ನೋಡಿ ಎಳೆಯಿರಿ ಎಂದು ಕೇಳೋಣ.

ತೊಂದರೆ ಒಂದಿದೆ. ದರ್ಗಾ ಹಳೆಯದೆಂದು ತೋರಿಸಲು ನಮ್ಮ ಹತ್ತಿರ ಕಾಗದಪತ್ರವೇನೂ ಇಲ್ಲ. ಚಾಚಾ ಕೊಟ್ಟ ನಿಜಾಮರ ಕಾಲದ ಕಾಗದವನ್ನು ಗೆದ್ದಲು ತಿಂದಿದೆ. ಉಳಿದದ್ದು ಆ ಕೆಂಪು ಕಲ್ಲಿನ ಗೋಡೆ, ಅದರ ಮೇಲಿನ ಗಚ್ಚಿನ ಗಾರೆ, ದೀಪದ ಗೂಡುಗಳು. ಹಳೆಯ ಫೋಟೋ ಎಷ್ಟಿವೆಯೋ ಅಷ್ಟೂ ಕಳಿಸು.

ನಿನ್ನ
ಮಲ್ಲೇಶ್ವರಿ


ಕರಂಜಳಗಾ
14 ಆಗಸ್ಟ್ 2023

ಪ್ರೀತಿಯ ಮಲ್ಲಿ,

ತಡೆಯಾಜ್ಞೆ ಸಿಕ್ಕಿತೆಂಬ ಸುದ್ದಿ ಬಂದಾಗ ನಾನು ಭಾಗಾಕಾರ ಹೇಳಿಕೊಡುತ್ತಿದ್ದೆ. ಅಬ್ಬಾ ಪಡಸಾಲೆಗೆ ಬಂದು ಎಲ್ಲರ ಕೈಗೂ ಸಕ್ಕರೆ ಹಾಕಿದರು. ಭಾಗಾಕಾರ ಅಲ್ಲಿಗೇ ನಿಂತಿತು.

ಫೋಟೋ ವಿಷಯ ಹೇಳಿದರೆ ನೀನು ತಲೆ ಚಚ್ಚಿಕೊಳ್ಳುತ್ತೀ. ಶಾಲೆಯಲ್ಲಿ ವರ್ಷಕ್ಕೊಂದು ಗುಂಪು ಫೋಟೋ ತೆಗೆಯುತ್ತೇವೆ, ಎಲ್ಲವೂ ದರ್ಗಾದ ಗೋಡೆಯ ಮುಂದೆಯೇ. ಆದರೆ ಗೋಡೆ ಹಳೆಯದು, ಗಾರೆ ಉದುರಿ ಕೆಂಪು ಕಾಣುತ್ತದೆ, ಚೆನ್ನಾಗಿರುವುದಿಲ್ಲ ಎಂದು ಭಾಲ್ಕಿಯ ಫೋಟೋದವನು ಪ್ರತಿ ಸಲ ನೀಲಿ ಪರದೆ ಕಟ್ಟಿಸುತ್ತಾನೆ. ಉರುಸಿನ ಫೋಟೋಗಳಲ್ಲಿ ಬರೀ ಹೂವು, ಚಾದರ, ಬಣ್ಣದ ಲೈಟು. ಗೋಡೆ ಒಂದರಲ್ಲೂ ಇಲ್ಲ. ನಾಚಿಕೆಯಿಂದ ಇಷ್ಟು ವರ್ಷ ಮುಚ್ಚಿಟ್ಟದ್ದನ್ನು ಈಗ ತೋರಿಸು ಅನ್ನುತ್ತೀಯಲ್ಲ ಮಾರಾಯ್ತಿ.

ಇನ್ನೊಂದು ಸಂಗತಿ. ರಸ್ತೆಯನ್ನು ಆಚೆಗಿನ ಗಾಯರಾಣದ ಮೇಲೆ ಒಯ್ಯಬಹುದೆಂದು ನೀನು ಅರ್ಜಿಯಲ್ಲಿ ಬರೆದೆಯಂತೆ. ಆ ಗಾಯರಾಣದಲ್ಲೇ ಹಣಮಂತಪ್ಪನ ಕುರಿ ಮೇಯುವುದು. ನಾನು ಹೆದರುತ್ತಾ ಕೇಳಿದೆ. ಆತ ತಲೆಗೆ ಸುತ್ತಿದ ರುಮಾಲು ಬಿಚ್ಚಿ ಮತ್ತೆ ಸುತ್ತಿಕೊಳ್ಳುತ್ತಾ ಹೇಳಿದ: "ಕುರಿಗಿ ಕಾಲವ ಮೇಡಮ್, ಇನ್ನೊಂದು ಕಡಿ ಹೋಗಿ ಮೇಯ್ತಾವ. ಸಾಹೇಬರು ಎಲ್ಲಿಗಿ ಹೋಗಬೇಕು?" ಆ ಮಾತು ಕೇಳಿ ನನಗೆ ಅಳು ಬಂತು. ಅವನ ಮುಂದೆ ಅಳಲಿಲ್ಲ.

ನಿನ್ನ
ಮುಸರ್ರತ


ಮೈಲೂರ, ಬೀದರ
2 ನವೆಂಬರ್ 2023

ಪ್ರೀತಿಯ ಮುಸರ್ರತ,

ಒಳ್ಳೆಯ ಸುದ್ದಿ. ಜಾಗವನ್ನು ಕಣ್ಣಾರೆ ನೋಡಿ ವರದಿ ಕೊಡಲು ಕೋರ್ಟ್ ಒಬ್ಬ ಕಮಿಷನರನ್ನು ನೇಮಿಸಿದೆ. ಕಲಬುರಗಿಯ ಹಿರಿಯ ವಕೀಲರು, ಒಳ್ಳೆಯ ಮನುಷ್ಯ ಎಂದು ಕೇಳಿದ್ದೇನೆ. ಇಪ್ಪತ್ತೈದರಂದು ಬರುತ್ತಾರೆ. ಅವರು ಆ ಗೋಡೆಯನ್ನು ಒಮ್ಮೆ ನೋಡಿದರೆ ಸಾಕು, "ತಗಡಿನ ಶೆಡ್ಡು" ಎಂದು ಬರೆದವರ ಮುಖಕ್ಕೆ ಹೊಡೆದಂತಾಗುತ್ತದೆ.

ಅವತ್ತು ನನಗೆ ಬೀದರಿನಲ್ಲೇ ಬೇರೊಂದು ಕೇಸಿನ ಸಾಕ್ಷಿ ಇದೆ, ತಪ್ಪಿಸುವಂತಿಲ್ಲ. ಜೂನಿಯರ್ ಅಖೀಲನನ್ನು ಕಳಿಸುತ್ತೇನೆ. ಚಾಚಾ ಕೇಳಿದ್ದಕ್ಕಷ್ಟೇ ಉತ್ತರ ಕೊಡಲಿ. ಹುಡುಗಿಯರು ಎಂದಿನಂತೆ ಪಡಸಾಲೆಯಲ್ಲಿ ಕೂತು ಓದುತ್ತಿರಲಿ. ಬೇರೇನೂ ಬೇಡ.

ನಾನು ಇಷ್ಟು ದಿನ ನಿನಗೆ ಹೇಳಿರಲಿಲ್ಲ, ಈಗ ಹೇಳುತ್ತೇನೆ. ನಾವು ಗೆಲ್ಲಬಹುದು.

ನಿನ್ನ
ಮಲ್ಲೇಶ್ವರಿ


ಕರಂಜಳಗಾ
27 ನವೆಂಬರ್ 2023

ಪ್ರೀತಿಯ ಮಲ್ಲಿ,

ಕಮಿಷನರ್ ಸಾಹೇಬರು ಬಂದು ಹೋದರು. ಎಷ್ಟು ಚೆನ್ನಾಗಿ ಆಯಿತೆಂದು ನಿನಗೆ ಹೇಗೆ ಹೇಳಲಿ!

ಆ ವಾರವೆಲ್ಲ ನನಗೆ ಭಾಲ್ಕಿಯಲ್ಲಿ ತರಬೇತಿ ಇತ್ತು. ಅಲ್ಲೇ ಅತ್ತೆಯ ಮನೆಯಲ್ಲಿದ್ದೆ. ಶುಕ್ರವಾರ ಸಂಜೆ ಬಸ್ಸಿಳಿದು ನೋಡುತ್ತೇನೆ, ದರ್ಗಾ ಗುರುತೇ ಸಿಗಲಿಲ್ಲ. ಒಳಗೆ ಹೊರಗೆ ಹಾಲಿನಂಥ ಬಿಳಿ ಟೈಲ್ಸ್, ಅಂಚಿಗೆ ಹಸಿರು ಪಟ್ಟಿ. ಹಣಮಂತಪ್ಪ ಹಜರತರಿಗೆ ಹೊತ್ತ ಹರಕೆ ಒಂದು ಬಾಕಿ ಇತ್ತಂತೆ. ಕುರಿ ಮಾರಿ ಟೈಲ್ಸ್ ತಂದಿದ್ದಾನೆ. ಕೆಲಸಕ್ಕೆ ಊರಿಗೆ ಊರೇ ನಿಂತಿದೆ. ಮುಸಲ್ಮಾನರು ಹಿಂದೂಗಳು ಅಂತಿಲ್ಲದೆ ಹೆಂಗಸರು ನೀರು ಹೊತ್ತಿದ್ದಾರೆ. ಶಾಲೆಯ ಕೋಣೆಗಳಿಗೂ ಹೊಸ ಬಣ್ಣ ಬಂದಿದೆ. ಹಳೆ ಗಾರೆಯ ಮೇಲೆ ಟೈಲ್ಸ್ ಹಿಡಿಯುವುದಿಲ್ಲವೆಂದು ಗೌಂಡಿ ಅದನ್ನೆಲ್ಲ ಕೆತ್ತಿ ತೆಗೆದು, ಗೂಡುಗಳನ್ನು ಸಿಮೆಂಟಿನಿಂದ ತುಂಬಿ, ಗೋಡೆಯನ್ನು ನೆಟ್ಟಗೆ ಮಾಡಿದ್ದಾನೆ. ಇನ್ನು ಮಕ್ಕಳ ತಲೆಯ ಮೇಲೆ ಸುಣ್ಣ ಉದುರುವ ಕಾಟವಿಲ್ಲ.

"ಕೋರ್ಟಿನವರು ನಮ್ಮ ಹಜರತರನ್ನ ನೋಡ್ಲಾಕ ಬರ್ತಾರ," ಅಂದರು ಅಬ್ಬಾ. "ಹರಕ ಅಂಗಿ ಹಾಕ್ಕೊಂಡು ಕೂಡ್ರಿ ಅಂತ ಹಜರತರಿಗಿ ಹ್ಯಾಂಗ ಹೇಳಲಿ?"

ಸಾಹೇಬರು ಬಹಳ ಮರ್ಯಾದಸ್ಥರು. ಚಪ್ಪಲಿ ಬಿಟ್ಟು, ತಲೆಗೆ ಕರವಸ್ತ್ರ ಕಟ್ಟಿಕೊಂಡು ಒಳಗೆ ಹೋದರು. ಗೋಡೆಯ ಮೇಲೆ ಕೈಯಾಡಿಸಿ, "ಭಾಳ ಚೊಕ್ಕ ಇಟ್ಟೀರಿ. ಇದು ಯಾವಾಗ ಆಯ್ತು?" ಎಂದು ಕೇಳಿದರು. ಅಬ್ಬಾ ಎದೆಯುಬ್ಬಿಸಿ ಹೇಳಿದರು: "ನಿನ್ನಿಗಿ ಮುಗೀತ್ರಿ ಸಾಹೇಬ್. ನಿಮ್ಮ ಸಲುವಾಗೇ ಮಾಡಿದ್ದು." ಅವರು ಅದನ್ನು ಬರೆದುಕೊಂಡರು. ನಿನ್ನ ಅಖೀಲ ಮಾತ್ರ ಯಾಕೋ ಮುಖ ಬಾಡಿಸಿಕೊಂಡು ನಿಂತಿದ್ದ. ಊಟವೂ ಮಾಡಲಿಲ್ಲ. ಅವನಿಗೆ ಹುಷಾರಿರಲಿಲ್ಲವೇ?

ನಿನ್ನ
ಮುಸರ್ರತ


ಮೈಲೂರ, ಬೀದರ
16 ಜನವರಿ 2024

ಮುಸರ್ರತ,

ನಿನ್ನ ಕಾಗದ ಬಂದು ಒಂದೂವರೆ ತಿಂಗಳಾಯಿತು. ವರದಿ ಕೈಗೆ ಬರುವವರೆಗೆ ಉತ್ತರ ಬರೆಯಬಾರದೆಂದು ಕೂತಿದ್ದೆ. ಕಮಿಷನರಾದರೂ ಕಣ್ಣಿಟ್ಟು ನೋಡಿರಬಹುದು, ಟೈಲ್ಸಿನ ಹಿಂದೆ ಏನಿತ್ತೆಂದು ಯಾರನ್ನಾದರೂ ಕೇಳಿರಬಹುದು ಎಂಬ ಆಸೆಯಿತ್ತು.

ವರದಿ ಬಂದಿದೆ. "ಕಟ್ಟಡವು ಇತ್ತೀಚೆಗೆ ನಿರ್ಮಾಣವಾದದ್ದೆಂದು ಕಂಡುಬರುತ್ತದೆ. ಅರ್ಜಿದಾರರು ಸ್ವತಃ ಇದನ್ನು ಒಪ್ಪಿದ್ದಾರೆ." ಹೆದ್ದಾರಿಯವರ ವಕೀಲರು ಖುಷಿಯಿಂದ ಕುಣಿಯುವುದೊಂದು ಬಾಕಿ. ನಾವು ಸರ್ವೆ ಮಾಡಿದಾಗ ಜಾಗ ಖಾಲಿಯೇ ಇತ್ತು, ರಸ್ತೆ ತಡೆಯಲೆಂದೇ ಇವರು ಆಮೇಲೆ ದರ್ಗಾ ಕಟ್ಟಿದ್ದಾರೆ ಎಂದು ಬರೆದುಕೊಟ್ಟಿದ್ದಾರೆ.

ಬೇರೇನೂ ಬೇಡ ಎಂದು ನಾನು ಬರೆದಿರಲಿಲ್ಲವೇ? ನಮ್ಮ ಹತ್ತಿರ ಇದ್ದದ್ದು ಒಂದು ಗೋಡೆ. ಒಂದೇ ಒಂದು ಹಳೆ ಗೋಡೆ. ಅದನ್ನು ಕೆತ್ತಿ ತೆಗೆಸಿ, ಸಕ್ಕರೆ ಹಂಚಿದವರ ಹಾಗೆ ನನಗೆ ಕಾಗದ ಬೇರೆ ಬರೆಯುತ್ತೀಯಲ್ಲ! ಮಕ್ಕಳಿಗೆ ಪಾಠ ಹೇಳುವವಳು ನೀನು, ನಿನಗೂ ಹೊಳೆಯಲಿಲ್ಲವೇ? ಹೆದ್ದಾರಿಯವರಿಗೆ ವಕೀಲರೇ ಬೇಕಿರಲಿಲ್ಲ. ಈ ಕೇಸು ಮುಳುಗಿಸಲು ಚಾಂದ ಚಾಚಾ ಒಬ್ಬರೇ ಸಾಕಾಗಿತ್ತು.

ಮಲ್ಲೇಶ್ವರಿ


ಕರಂಜಳಗಾ
30 ಜನವರಿ 2024

ವಕೀಲರಾದ ಮಲ್ಲೇಶ್ವರಿಯವರಿಗೆ,

ನಿಮ್ಮ ಕಾಗದ ತಲುಪಿತು. ಅಬ್ಬಾ ಓದಿ ಹೇಳು ಅಂದರು. ಓದಿದೆ. ಕೊನೆಯ ಸಾಲು ಬಿಟ್ಟು ಮಡಚಿದೆ. "ಎಲ್ಲಿ ನಿಂತಿ, ಅಲ್ಲಿಂದ ಓದು" ಅಂದರು. ಓದಬೇಕಾಯಿತು.

ಅವರು ಎದ್ದು ಹೋದರು. ಸ್ವಲ್ಪ ಹೊತ್ತಿಗೆ ದರ್ಗಾದ ಕಡೆಯಿಂದ ಸದ್ದು ಕೇಳಿ ಓಡಿದೆ. ತೆಂಗಿನಕಾಯಿ ಒಡೆಯುವ ಕಲ್ಲಿನಿಂದ ಟೈಲ್ಸ್ ಒಡೆಯುತ್ತಿದ್ದರು. ಒಡೆದ ಕಡೆಯಲ್ಲೆಲ್ಲ ಹಿಂದೆ ಬರೀ ಸಿಮೆಂಟು. ಹಣಮಂತಪ್ಪ ಬಂದು ಕೈ ಹಿಡಿದ. "ಬಿಡ್ರಿ ಚಾಚಾ, ತಪ್ಪು ನಿಮ್ಮದಲ್ಲ. ತಂದಾವ ನಾ ಅಲ್ಲೇನ್ರಿ?" ಇಬ್ಬರು ಮುದುಕರೂ ಚೂರುಗಳ ನಡುವೆ ಕೂತು ಅತ್ತರು. ಮಕ್ಕಳು ನೋಡುತ್ತಿದ್ದರು.

ನೀವು ಬರೆದದ್ದರಲ್ಲಿ ಸುಳ್ಳೇನೂ ಇಲ್ಲ. ನನಗೆ ಹೊಳೆಯಲಿಲ್ಲ. ಹೊಸದಾದ ದರ್ಗಾ ನೋಡಿ ನನಗೆ ಸಂತೋಷವಾಗಿತ್ತು, ಅಷ್ಟೇ. ಮುಂದಿನ ತಾರೀಖು ಅಬ್ಬಾನ ಹೆಸರಿಗೆ ತಿಳಿಸಿದರೆ ಸಾಕು.

ಇಂತಿ
ಮುಸರ್ರತ ಬೇಗಂ, ಮುಖ್ಯಶಿಕ್ಷಕಿ


ಮೈಲೂರ, ಬೀದರ
8 ಜುಲೈ 2024

ಪ್ರೀತಿಯ ಮುಸರ್ರತ,

ಫೆಬ್ರವರಿಯಲ್ಲಿ ಬರೆದೆ, ಯುಗಾದಿಗೆ ಬರೆದೆ, ಬಕ್ರೀದಿಗೆ ಬರೆದೆ. ನೀನು ಉತ್ತರಿಸಲಿಲ್ಲ. ಇದಕ್ಕೂ ಉತ್ತರಿಸಬೇಡ, ಓದಿದರೆ ಸಾಕು.

ಮೊನ್ನೆ ಶುಕ್ರವಾರ ತೀರ್ಪು ಬಂತೆಂದು ಅಖೀಲ ಹೇಳಿಕಳಿಸಿರಬೇಕು. ಅರ್ಜಿ ವಜಾ. ರಸ್ತೆ ಎಲ್ಲಿ ಹೋಗಬೇಕೆಂಬುದು ತಜ್ಞರ ಕೆಲಸ, ಕೋರ್ಟು ಗೆರೆ ಎಳೆಯಲು ಕೂತಿಲ್ಲ ಅಂದರು. ಗಾಯರಾಣದ ಮೇಲೆ ಒಯ್ದರೆ ತಿರುವು ಹೆಚ್ಚಾಗಿ ವೇಗದ ಗಾಡಿಗಳಿಗೆ ಅಪಾಯವಂತೆ. ದರ್ಗಾ ಹಳೆಯದೆಂಬುದಕ್ಕೆ ಆಧಾರವಿಲ್ಲ. ಶಾಲೆಗೆ ಮಾತ್ರ ಬೇರೆ ಕಟ್ಟಡ ಕೊಟ್ಟೇ ಒಡೆಯಬೇಕೆಂದು ಹೇಳಿದ್ದಾರೆ. ನಾನು ನಿಂತು ಬೇಡಿದೆ. ಕಮಿಷನರ್ ಬರುವುದಕ್ಕೆ ಮುಂಚೆ ಅಲ್ಲಿ ಬೇರೆ ಗೋಡೆಯಿತ್ತು, ನಾನೇ ನೋಡಿದ್ದೇನೆ ಸ್ವಾಮಿ ಅಂದೆ. ನ್ಯಾಯಮೂರ್ತಿಗಳು ಬೇಸರದಿಂದಲೇ ಕೇಳಿದರು: "ಫೋಟೋ ಇದೆಯೇ?" ಕಡತ ಮಡಚಿ ಕೂತೆ.

ದಿಲ್ಲಿಗೆ ಹೋಗಬಹುದು. ಹೋದರೂ ಇದೇ ವರದಿಯನ್ನು ಅಲ್ಲಿ ಓದುತ್ತಾರೆ. ನಿನಗೆ ಸುಳ್ಳು ಆಸೆ ತೋರಿಸಲು ನನಗೆ ಮನಸ್ಸಿಲ್ಲ.

ಚಾಚಾನ ಮೇಲೆ ಬರೆದ ಆ ಸಾಲಿಗೆ ಏನು ಮಾಡಲಿ, ಮುಸರ್ರತ? ಸೋಲುವ ಭಯಕ್ಕೆ ಬರೆದೆ. ಎದುರಿಗಿದ್ದಿದ್ದರೆ ಬೈದು, ಆಮೇಲೆ ಅತ್ತು, ಇಬ್ಬರೂ ಚಹಾ ಕುಡಿಯುತ್ತಿದ್ದೆವು. ಕಾಗದದಲ್ಲಿ ಬೈಗುಳ ಹಾಗೇ ಉಳಿದುಬಿಟ್ಟಿತು. ಖಾಲಿ ಮಾಡುವ ದಿನ ನನಗೆ ತಿಳಿಸು, ಬಂದು ನಿಮ್ಮ ಜೊತೆ ನಿಲ್ಲುತ್ತೇನೆ.

ನಿನ್ನ
ಮಲ್ಲಿ


ಕರಂಜಳಗಾ
22 ಸೆಪ್ಟೆಂಬರ್ 2024

ಮಲ್ಲಿ,

ದಿನ ತಿಳಿಸಲಿಲ್ಲ. ನೀನು ಬಂದು ನಿಂತಿದ್ದರೂ ಮಾಡುವುದೇನಿರಲಿಲ್ಲ. ನಿನ್ನ ಮೇಲಿನ ಸಿಟ್ಟು ಎಂದೋ ಹೋಗಿದೆ. ನಿನ್ನ ಯುಗಾದಿಯ ಕಾಗದವನ್ನು ಅಬ್ಬಾ ಎರಡು ಸಲ ಓದಿಸಿಕೊಂಡರು. "ಹುಡುಗಿ ಖರೇನೇ ಬರದಾಳ, ಅಕಿ ಮ್ಯಾಲ ಯಾಕ ಸಿಟ್ಟು?" ಅಂದರು. ಬರೆಯಲು ಕೂತರೆ ಮಾತ್ರ ಕೈ ಓಡುತ್ತಿರಲಿಲ್ಲ.

ಹೊಸ ಶಾಲೆ ರಸ್ತೆಯ ಆಚೆ, ಬಸ್ ನಿಲ್ದಾಣದ ಹಿಂದೆ. ಕಟ್ಟಡ ಚೆನ್ನಾಗಿದೆ, ಇಲ್ಲವೆನ್ನಲಾರೆ. ಫ್ಯಾನಿದೆ, ಶೌಚಾಲಯವಿದೆ, ನಲ್ಲಿಯಲ್ಲಿ ನೀರೂ ಬರುತ್ತದೆ. ಹುಡುಗಿಯರೇ ಬರುವುದಿಲ್ಲ, ಬಂದರೆ ನಾಲ್ವರು. ನಮ್ಮ ಓಣಿಯಿಂದ ಫರ್ಹೀನ ಒಬ್ಬಳೇ ಬರುತ್ತಾಳೆ, ಅದೂ ಅವಳ ಅಜ್ಜಿ ಬಿಸ್ಮಿಲ್ಲಾಬೀ ಜೊತೆಗೆ ಬಂದು ಬಾಗಿಲಲ್ಲಿ ಕೂತರೆ. ಹಣಮಂತಪ್ಪ ಮೊಮ್ಮಗಳನ್ನು ಮಂದೆಯ ಜೊತೆ ಕರೆದುಕೊಂಡು ಹೋದ. ಹೋಗುವಾಗ ನನ್ನ ಮುಖ ನೋಡಲಾಗದೆ, "ಅಲ್ಲಿ ಯಾರ ಅಂಗಳದಾಗ ಬಿಡ್ಲಿ ಮೇಡಮ್?" ಅಂದ.

ಖಾಲಿ ಮಾಡುವ ದಿನ ತಹಸೀಲ್ದಾರರು, ಪೊಲೀಸರು, ಎರಡು ಜೆಸಿಬಿ ಬಂದವು. ಶಾಲೆಯ ಎರಡು ಕೋಣೆಗಳನ್ನು ಒಪ್ಪಿಸಿ ಪಂಚನಾಮೆಗೆ ಸಹಿ ಮಾಡುವುದು ಮುಖ್ಯಶಿಕ್ಷಕಿಯ ಕೆಲಸವೆಂದು ನನಗೆ ಮೊದಲೇ ಆದೇಶ ಬಂದಿತ್ತು. ಎಲ್ಲಿಯೂ ಸಹಿ ಹಾಕಬೇಡ ಅಂದಿದ್ದೆಯಲ್ಲ ನೀನು. ಹಾಕಿದೆ. ಹಾಕದಿದ್ದರೆ ಕೆಲಸ ಹೋಗುತ್ತದೆ, ಕೆಲಸ ಹೋದರೆ ಬರುವ ನಾಲ್ಕು ಹುಡುಗಿಯರಿಗೂ ಕಲಿಸುವವರಿಲ್ಲ ಎಂದು ನನಗೆ ನಾನೇ ಹೇಳಿಕೊಂಡೆ.

ಅಬ್ಬಾ ದರ್ಗಾಕ್ಕೆ ಬೀಗ ಹಾಕಿ ಹೊಸ್ತಿಲ ಮೇಲೆ ಕೂತಿದ್ದರು. ತಹಸೀಲ್ದಾರರು ಕೈಮುಗಿದು ಕೇಳಿದರು. ಪಿಎಸ್‌ಐ ಗದರಿಸಿ ಕೇಳಿದ. ಅಬ್ಬಾ ಅಲುಗಲಿಲ್ಲ. ಪೊಲೀಸರು ರಟ್ಟೆಗೆ ಕೈ ಹಾಕುವುದೊಂದು ಉಳಿದಿತ್ತು. ತಹಸೀಲ್ದಾರರು ನನ್ನನ್ನು ಪಕ್ಕಕ್ಕೆ ಕರೆದು, "ಮೇಡಮ್, ಮುದುಕರು, ಎಳದಾಡೋದು ಛಲೋ ಕಾಣಂಗಿಲ್ಲ. ನೀವು ಒಂದು ಮಾತು ಹೇಳ್ರಿ" ಅಂದರು. ಹೋಗಿ ಅಬ್ಬಾನ ಮುಂದೆ ಕೂತೆ. ಅವರ ಕಾಲು ಮುಟ್ಟಿದೆ.

ಅಬ್ಬಾ ನನ್ನನ್ನು ನೋಡಿದರು. ಆಮೇಲೆ ಎಲ್ಲರಿಗೂ ಕೇಳುವಂತೆ ಹೇಳಿದರು: "ಸರಕಾರಕ್ಕ ಕೊಡಂಗಿಲ್ಲ ನಾ. ನಾ ಹೋದ ಬಾದ ಸೇವಾ ನನ್ನ ಮಗಳಿಗಿ ಸೇರ್ತದ. ಅಕಿಗಿ ಕೊಡ್ತೇನಿ." ಜೇಬಿನಿಂದ ಬೀಗದ ಕೈ ತೆಗೆದು ನನ್ನ ಅಂಗೈಯಲ್ಲಿಟ್ಟು, ಬೆರಳು ಮಡಚಿದರು.

ನಾನು ಎದ್ದೆ. ತಿರುಗಿ ನಾಲ್ಕು ಹೆಜ್ಜೆ ನಡೆದು ಅದನ್ನು ತಹಸೀಲ್ದಾರರ ಕೈಗೆ ಕೊಟ್ಟೆ.

ಅಬ್ಬಾ ಚೆನ್ನಾಗಿದ್ದಾರೆ. ಉಣ್ಣುತ್ತಾರೆ, ನಮಾಜಿಗೆ ಹೋಗುತ್ತಾರೆ, ನನ್ನ ಜೊತೆ ಮಾತೂ ಆಡುತ್ತಾರೆ. ಆದರೆ ನನ್ನ ಕೈಗೆ ಏನನ್ನೂ ಕೊಡುವುದಿಲ್ಲ. ಚಹಾದ ಬಟ್ಟಲಿರಲಿ, ಒರೆಸಿಕೊಡಬೇಕಾದ ಕನ್ನಡಕವಿರಲಿ, ನೆಲದ ಮೇಲಿಟ್ಟು ಕೈ ಹಿಂದಕ್ಕೆ ತೆಗೆದುಕೊಳ್ಳುತ್ತಾರೆ. ಅವರು ಆಚೆ ಸರಿದ ಮೇಲೆ ನಾನು ಬಗ್ಗಿ ಎತ್ತಿಕೊಳ್ಳುತ್ತೇನೆ.

ಮುಸರ್ರತ